ದೀಪದ ಯತ್ನ: ಛಾಯಾಗ್ರಾಹಕ ಯೋಸೆಫ್ ವಿರ್ಶಿಂಗರ ಕಲೆ



ಕಾವ್ಯ, ಶಿಲ್ಪ, ಸಂಗೀತಗಳನ್ನು ಕುರಿತ ವಿಚಾರಗಳಿಗೆ ಮೀಸಲಾದಂತಿರುವ ವೇದಿಕೆಯ ಮೇಲೆ ಚಲಚ್ಚಿತ್ರದ ಮಾತನ್ನು ತೆಗೆಯುವುದಕ್ಕೂ, ಅದರಲ್ಲಿಯೂ ಲೋಕಪ್ರಸಿದ್ಧರಾದ ನಟರನ್ನಾಗಲಿ ನಿರ್ದೇಶಕರನ್ನಾಗಲಿ ಬಿಟ್ಟು, ಕ್ಯಾಮೆರಾದ ಹಿಂದೆ ನಿಂತು ತಮ್ಮ ಮುಖವನ್ನು ಎಂದೂ ತೆರೆಯ ಮೇಲೆ ತೋರದಿದ್ದ ಒಬ್ಬ ಛಾಯಾಗ್ರಾಹಕರನ್ನು ಕುರಿತು ಮಾತನಾಡುವುದಕ್ಕೂ ನಾನು ಇಲ್ಲಿ ಹೊರಟಿದ್ದೇನೆ. ನಾನು ಆರಿಸಿಕೊಂಡಿರುವ ವ್ಯಕ್ತಿ ಯೋಸೆಫ್ ವಿರ್ಶಿಂಗ್. ೧೯೦೩ರಲ್ಲಿ ಜರ್ಮನಿಯ ಮ್ಯೂನಿಕ್ ನಗರದಲ್ಲಿ ಹುಟ್ಟಿ, ಇಪ್ಪತ್ತೆರಡರ ಹರೆಯದಲ್ಲಿ ಒಂದು ಚಿತ್ರದ ಕೆಲಸಕ್ಕೆಂದು ಭಾರತಕ್ಕೆ ಬಂದು, ಮತ್ತೆ ಮರಳಿ ಹೋಗಿ, ಮತ್ತೆ ಬಂದು, ಕಡೆಗೆ ೧೯೬೭ರಲ್ಲಿ ಮುಂಬಯಿಯಲ್ಲಿಯೇ ಕಣ್ಮುಚ್ಚಿದ ಈ ಮಹನೀಯರು ನಮ್ಮ ಚಲಚ್ಚಿತ್ರಕ್ಕೆ ಕೊಟ್ಟುದು ಏನು, ನಮ್ಮ ದೇಶದಿಂದ ಪಡೆದುದು ಏನು ಎಂಬುದೇ ಇಂದಿನ ಉಪನ್ಯಾಸದ ವಿಚಾರ.

ಆರಂಭದಲ್ಲಿಯೇ ನಮ್ಮ ಕಾವ್ಯಮೀಮಾಂಸೆಯ ಒಂದು ಮಾತನ್ನು ಸ್ಮರಿಸಿಕೊಳ್ಳಬೇಕು. ಆನಂದವರ್ಧನನು ತನ್ನ ಗ್ರಂಥಕ್ಕೆ ಇಟ್ಟ ಹೆಸರಿನಲ್ಲಿಯೇ ಬೆಳಕು ಇದೆ, ಅದು ‘ಧ್ವನ್ಯಾಲೋಕ’. ಕಾವ್ಯದ ಜೀವಾಳ ಮಾತಿನಲ್ಲಿ ನೇರವಾಗಿ ಹೇಳಿದ ಅರ್ಥವಲ್ಲ, ಅದರಿಂದ ಹೊಮ್ಮುವ ಸೂಚ್ಯಾರ್ಥ, ಎಂದರೆ ಧ್ವನಿ ಎಂದು ಸಾಧಿಸುತ್ತ ಬಂದ ಆ ಮಹಾಮತಿ, ಹಾಗಾದರೆ ಕವಿಯು ನೇರವಾದ ಅರ್ಥಕ್ಕಾಗಿ ಏಕೆ ಇಷ್ಟು ಶ್ರಮಪಡಬೇಕು ಎಂಬ ಪ್ರಶ್ನೆಗೆ ದೀಪದ ದೃಷ್ಟಾಂತದಿಂದ ಉತ್ತರ ಕೊಡುತ್ತಾನೆ. ವಸ್ತುವನ್ನು ಕಾಣಬೇಕೆನ್ನುವವನಿಗೆ ದೀಪವೇ ಗುರಿಯಲ್ಲವಾದರೂ, ಅವನು ಎಣ್ಣೆಯನ್ನೂ ಬತ್ತಿಯನ್ನೂ ಕುಡಿಯನ್ನೂ ಎಚ್ಚರದಿಂದ ನೋಡಿಕೊಳ್ಳದೆ ಇರಲಾರನು. ಸೂಚ್ಯಾರ್ಥವನ್ನು ಬಯಸುವ ಕವಿಗೆ ವಾಚ್ಯಾರ್ಥವೂ ಹಾಗೆಯೇ ಎಂಬುದು ಅವನ ಅಭಿಪ್ರಾಯ. ಸಾವಿರ ವರ್ಷಗಳಿಗೂ ಹಿಂದೆ ಕಾಶ್ಮೀರದಲ್ಲಿ ಹೊಳೆದ ಈ ದೃಷ್ಟಾಂತವು ಛಾಯಾಗ್ರಾಹಕನ ಪಾಲಿಗೆ ದೃಷ್ಟಾಂತವಾಗಿ ಉಳಿಯದೆ ಅಕ್ಷರಶಃ ಸತ್ಯವಾಗುತ್ತದೆ. ಅವನ ಜೀವಮಾನವೆಲ್ಲ ದೀಪದ ಯತ್ನ. ಪ್ರೇಕ್ಷಕನಿಗೆ ಮುಟ್ಟಬೇಕಾದುದು ಮಾತ್ರ ದೀಪವಲ್ಲ, ಅದು ಬೆಳಗಿದ ಭಾವ.

೧

ವಿರ್ಶಿಂಗರ ವಿಷಯವಾಗಿ ಬಲ್ಲವರು ಸಾಮಾನ್ಯವಾಗಿ ಹೇಳುವ ಮಾತೊಂದುಂಟು. ಮಹಾಯುದ್ಧದಲ್ಲಿ ಸೋತು ನೊಂದ ಜರ್ಮನಿಯ ಚಿತ್ರಗಳಲ್ಲಿ ೧೯೨೦ರ ಸುಮಾರಿಗೆ ತಲೆದೋರಿದ ಆ ಕರಾಳವಾದ ನೆರಳುಗಳ ಶೈಲಿಯನ್ನು, ಎಂದರೆ ವಿಮರ್ಶಕರು ಎಕ್ಸ್‌ಪ್ರೆಷನಿಸಂ ಎಂದು ಕರೆಯುವ ಪಂಥವನ್ನು, ಈತ ತಮ್ಮ ಪೆಟ್ಟಿಗೆಯಲ್ಲಿಟ್ಟುಕೊಂಡು ಮುಂಬಯಿಗೆ ತಂದರೆಂಬುದು ಆ ಮಾತಿನ ಸಾರ. ಇದರಲ್ಲಿ ಸತ್ಯದ ಅಂಶ ಇಲ್ಲದಿಲ್ಲ. ಆ ಕಾಲದ ಜರ್ಮನಿಯಲ್ಲಿ ಕಣ್ಣು ತೆರೆದ ಯಾವ ಛಾಯಾಗ್ರಾಹಕನೂ ಬರ್ಲಿನ್ನಿನ ಆ ಚಿತ್ರಗಳನ್ನು ಕಾಣದೆ ಇರುವುದು ಅಸಂಭವ. ಆದರೆ ವಿರ್ಶಿಂಗರು ಬರ್ಲಿನ್ನಿನವರಲ್ಲ, ಮ್ಯೂನಿಕ್ಕಿನವರು. ಅವರು ಕೆಲಸಕ್ಕೆ ಸೇರಿದುದು ಅಲ್ಲಿಯ ಎಮೆಲ್ಕಾ ಕಂಪನಿಯಲ್ಲಿ. ೧೯೨೫ರಲ್ಲಿ ಆಲ್ಫ್ರೆಡ್ ಹಿಚ್‌ಕಾಕ್ ಎಂಬ ತರುಣ ಆಂಗ್ಲೇಯನು ತನ್ನ ಮೊದಲನೆಯ ಚಿತ್ರವನ್ನು ನಿರ್ದೇಶಿಸಿದುದೂ ಅದೇ ಕಂಪನಿಯ ಸ್ಟುಡಿಯೋವಿನಲ್ಲಿ. ಮತ್ತು ಅದೇ ವರ್ಷದಲ್ಲಿ ಆ ಕಂಪನಿ ತನ್ನ ಇನ್ನೊಂದು ಚಿಕ್ಕ ತಂಡವನ್ನು ಹಡಗು ಹತ್ತಿಸಿ ಭಾರತಕ್ಕೆ ಕಳುಹಿಸಿತು.

ಆ ತಂಡವನ್ನು ಕರೆತಂದವರು ಹಿಮಾಂಶು ರಾಯ್ ಎಂಬ ಬಂಗಾಳಿ ಯುವಕರು. ಲಂಡನ್ನಿನಲ್ಲಿ ನ್ಯಾಯಶಾಸ್ತ್ರವನ್ನು ಓದಲು ಹೋಗಿ ನಾಟಕದ ಮೋಹಕ್ಕೆ ಸಿಕ್ಕಿದ ಅವರಿಗೆ, ಭಾರತದ ಕಥೆಯೊಂದನ್ನು ಭಾರತದಲ್ಲಿಯೇ ಚಿತ್ರೀಕರಿಸಿ ಐರೋಪ್ಯರ ಮುಂದೆ ಇಡಬೇಕೆಂಬ ಹಂಬಲ. ಬುದ್ಧನ ಜೀವನವನ್ನು ಕುರಿತ ಎಡ್ವಿನ್ ಆರ್ನಾಲ್ಡನ ಆಂಗ್ಲ ಕಾವ್ಯವನ್ನು ಆಧಾರವಾಗಿಟ್ಟುಕೊಂಡು ನಿರಂಜನ್ ಪಾಲರು ಚಿತ್ರಕಥೆಯನ್ನು ಬರೆದರು. ಭಾರತದಲ್ಲಿ ಹಣವನ್ನು ಕೂಡಿಸುವ ಭಾರ ರಾಯರದು, ಯಂತ್ರಗಳನ್ನೂ ತಂತ್ರಜ್ಞರನ್ನೂ ಒದಗಿಸುವುದು ಎಮೆಲ್ಕಾದ ಹೊಣೆ. ನಿರ್ದೇಶಕರಾಗಿ ಬಂದವರು ಫ್ರಾಂಜ್ ಓಸ್ಟೆನ್. ಕ್ಯಾಮೆರಾವನ್ನು ಹಿಡಿದವರು ವಿಲ್ಲಿ ಕೀರ್‌ಮಾಯರ್ ಮತ್ತು ನಮ್ಮ ವಿರ್ಶಿಂಗ್. ಹೀಗೆ ಸಿದ್ಧವಾದುದೇ ‘ಪ್ರೇಮ ಸಂನ್ಯಾಸ’. ಬುದ್ಧನ ಪಾತ್ರವನ್ನು ಸ್ವತಃ ಹಿಮಾಂಶು ರಾಯರೇ ಧರಿಸಿದ ಈ ಮೂಕಚಿತ್ರ ೧೯೨೫ರ ಅಕ್ಟೋಬರಿನಲ್ಲಿ ಮ್ಯೂನಿಕ್ಕಿನಲ್ಲಿ ಮೊದಲ ಪ್ರದರ್ಶನವನ್ನು ಕಂಡಿತು.

ಇಲ್ಲಿ ಒಂದು ಅಂಶವನ್ನು ನೀವು ಮನಸ್ಸಿನಲ್ಲಿ ಇಟ್ಟುಕೊಳ್ಳಬೇಕೆಂದು ಪ್ರಾರ್ಥಿಸುತ್ತೇನೆ. ಈ ಚಿತ್ರದಲ್ಲಿ ಸ್ಟುಡಿಯೋ ಇಲ್ಲ, ಕಟ್ಟಿದ ಸೆಟ್ಟುಗಳಿಲ್ಲ, ಕೃತಕವಾದ ದೀಪಗಳಿಲ್ಲ. ನಿರ್ಮಾಪಕರು ಇದನ್ನೇ ಒಂದು ಹೆಮ್ಮೆಯಾಗಿ ಚಿತ್ರದ ಮೊದಲಲ್ಲಿ ಸಾರಿಕೊಂಡಿದ್ದಾರೆ. ಜಯಪುರದ ಮಹಾರಾಜರು ಒದಗಿಸಿದ ಆನೆಗಳು, ನಿಜವಾದ ಕೋಟೆಕೊತ್ತಲಗಳು, ನಿಜವಾದ ಬೀದಿ, ನಿಜವಾದ ಜನ. ಇವುಗಳ ಮೇಲೆ ಬಿದ್ದುದು ರಾಜಸ್ಥಾನದ ಸೂರ್ಯನ ಬೆಳಕೊಂದೇ. ಛಾಯಾಗ್ರಹಣವನ್ನು ಬಲ್ಲವರಿಗೆ ಈ ಬೆಳಕು ಎಷ್ಟು ನಿರ್ದಯವಾದುದೆಂದು ಗೊತ್ತು. ನಡುಹಗಲಿನ ನಮ್ಮ ಸೂರ್ಯ ನೆತ್ತಿಯ ಮೇಲೆ ನಿಂತು ಕಣ್ಣುಗುಳಿಗಳಲ್ಲಿ ಕಪ್ಪನ್ನು ತುಂಬುತ್ತಾನೆ; ಬಿಳಿಯ ಗೋಡೆ ಉರಿಯುವಂತೆ ಬೆಳಗುತ್ತದೆ, ಅದರ ಪಕ್ಕದ ಕಮಾನಿನ ಒಳಗಡೆ ಏನೂ ಕಾಣದಷ್ಟು ಕತ್ತಲೆ. ಅಂದು ಸಾಮಾನ್ಯವಾಗಿ ಬಳಕೆಯಲ್ಲಿದ್ದ ಫಿಲ್ಮಾದರೋ ಕೆಂಪು ಬಣ್ಣವನ್ನು ಗ್ರಹಿಸಲಾರದೆ ಕಪ್ಪೆಂದೇ ತಿಳಿಯುತ್ತಿದ್ದುದರಿಂದ, ಬೆಚ್ಚನೆಯ ಕಂದುಬಣ್ಣದ ಮೈಗಳು ಇದ್ದುದಕ್ಕಿಂತ ಗಾಢವಾಗಿ ಮೂಡುತ್ತಿದ್ದುವು. ತಾನು ಬೇಕೆಂದಾಗ ಹಚ್ಚಿ ಬೇಡವೆಂದಾಗ ಆರಿಸುವ ದೀಪ ಇಲ್ಲದ ಛಾಯಾಗ್ರಾಹಕನಿಗೆ ಉಳಿಯುವ ಉಪಾಯ ಒಂದೇ: ಕಾಯುವುದು. ಯಾವ ಗಳಿಗೆಯಲ್ಲಿ ಬಿಸಿಲು ಯಾವ ಕಂಬದ ಮೇಲೆ ಒರಗುತ್ತದೆ, ಯಾವ ಅಂಗಳದಲ್ಲಿ ನೆರಳು ಎಷ್ಟು ಹೊತ್ತು ನಿಲ್ಲುತ್ತದೆ ಎಂಬುದನ್ನು ರೈತನು ಮಳೆಯನ್ನು ನೋಡುವಂತೆ ನೋಡಿ ಕಲಿಯುವುದು.

ಆದುದರಿಂದ ವಿರ್ಶಿಂಗರ ಭಾರತೀಯ ವಿದ್ಯಾಭ್ಯಾಸ ಪ್ರಾರಂಭವಾದುದು ನೆರಳಿನಿಂದಲ್ಲ, ಬಿಸಿಲಿನಿಂದ. ಮುಂದೆ ಅವರು ಕಟ್ಟಿದ ಕತ್ತಲೆಯನ್ನು ಜರ್ಮನಿಯಿಂದ ತಂದ ಸಿದ್ಧವಸ್ತುವೆಂದು ಭಾವಿಸುವವರು ಈ ಮೊದಲ ಪಾಠವನ್ನು ಮರೆಯುತ್ತಾರೆ. ಆ ಕತ್ತಲೆಗೂ ಈ ಬಿಸಿಲಿಗೂ ನಡುವೆ ಇಪ್ಪತ್ತನಾಲ್ಕು ವರ್ಷಗಳ ಅಂತರವುಂಟು.

೨

ಎರಡನೆಯ ಸಲ ವಿರ್ಶಿಂಗರು ಭಾರತಕ್ಕೆ ಬಂದುದು ಬೇರೆಯೇ ಆದ ಸನ್ನಿವೇಶದಲ್ಲಿ. ೧೯೩೪ರಲ್ಲಿ ಹಿಮಾಂಶು ರಾಯರೂ ಅವರ ಪತ್ನಿ ದೇವಿಕಾ ರಾಣಿಯವರೂ ಮುಂಬಯಿಯ ಹೊರವಲಯದ ಮಲಾಡಿನಲ್ಲಿ ಬಾಂಬೆ ಟಾಕೀಸ್ ಎಂಬ ಸಂಸ್ಥೆಯನ್ನು ಸ್ಥಾಪಿಸಿದರು. ಚಿತ್ರಗಳು ಮೂಕತನವನ್ನು ಬಿಟ್ಟು ಮಾತನಾಡತೊಡಗಿ ಮೂರು ವರ್ಷಗಳಾಗಿದ್ದುವು. ಶಬ್ದನಿರೋಧಕವಾದ ಸ್ಟುಡಿಯೋ, ಸ್ವಂತ ರಸಾಯನಶಾಲೆ, ವಿದ್ಯಾವಂತರಾದ ತರುಣರನ್ನು ಸೇರಿಸಿಕೊಂಡು ಕೆಲಸ ಕಲಿಸುವ ವ್ಯವಸ್ಥೆ. ಹೀಗೆ ಒಂದು ಗುರುಕುಲದಂತೆಯೂ ಒಂದು ಕಾರ್ಖಾನೆಯಂತೆಯೂ ಇದ್ದ ಆ ಸಂಸ್ಥೆಗೆ ನಿರ್ದೇಶಕರಾಗಿ ಮತ್ತೆ ಓಸ್ಟೆನ್ ಬಂದರು, ರಂಗಸಜ್ಜಿಕೆಗೆ ಕಾರ್ಲ್ ಫಾನ್ ಶ್ಪ್ರೇಟಿ ಬಂದರು, ರಸಾಯನಶಾಲೆಗೆ ವಿಲ್ಹೆಲ್ಮ್ ತ್ಸೋಲೆ ಬಂದರು, ಕ್ಯಾಮೆರಾಕ್ಕೆ ವಿರ್ಶಿಂಗರು ಬಂದರು. ೧೯೩೫ರ ‘ಜವಾನೀ ಕೀ ಹವಾ’ ಮೊದಲ್ಗೊಂಡು ೧೯೩೯ರ ‘ಕಂಗನ್’ ವರೆಗೆ ಓಸ್ಟೆನ್ನರು ಅಲ್ಲಿ ಹದಿನಾರು ಚಿತ್ರಗಳನ್ನು ನಿರ್ದೇಶಿಸಿದರು. ಅವುಗಳಲ್ಲಿ ಬಹುಪಾಲನ್ನು ಸೆರೆಹಿಡಿದವರು ವಿರ್ಶಿಂಗರೇ. ನಿರ್ದೇಶಕರಿಗೆ ಹಿಂದಿ ಬಾರದು. ನಟರ ಮಾತಿನ ಏರಿಳಿತವನ್ನು ದುಭಾಷಿಗಳ ಮೂಲಕ ತಿಳಿಯಬೇಕಾಗಿದ್ದ ಆ ಪರಿಸರದಲ್ಲಿ, ಕಣ್ಣಿಗೆ ನೇರವಾಗಿ ಮಾತನಾಡುವ ಬೆಳಕಿನ ಮೇಲೆ ಎಷ್ಟು ಭಾರ ಬಿದ್ದಿರಬೇಕೆಂಬುದನ್ನು ನೀವೇ ಊಹಿಸಬಹುದು.

ಮಾತು ಬಂದುದರಿಂದ ಛಾಯಾಗ್ರಾಹಕನಿಗೆ ಆದ ಲಾಭಕ್ಕಿಂತ ನಷ್ಟವೇ ಮೊದಮೊದಲು ಹೆಚ್ಚಾಗಿತ್ತು. ಕ್ಯಾಮೆರಾದ ಸದ್ದನ್ನು ಮೈಕ್ ಹಿಡಿದುಬಿಡಬಾರದೆಂದು ಅದಕ್ಕೆ ದಪ್ಪನಾದ ಹೊದಿಕೆಯನ್ನು ತೊಡಿಸಬೇಕಾಯಿತು. ಹಗುರವಾಗಿ ಓಡಾಡುತ್ತಿದ್ದ ಯಂತ್ರ ನಿಂತಲ್ಲಿಯೇ ನಿಂತಿತು. ಹಿನ್ನೆಲೆ ಗಾಯನದ ಪದ್ಧತಿ ಇನ್ನೂ ನೆಲೆಯೂರದಿದ್ದ ಆ ಕಾಲದಲ್ಲಿ, ಅಶೋಕ್ ಕುಮಾರ್ ಆಗಲಿ ದೇವಿಕಾ ರಾಣಿಯವರಾಗಲಿ ತಮ್ಮ ಹಾಡುಗಳನ್ನು ತಾವೇ, ಕ್ಯಾಮೆರಾ ನಡೆಯುತ್ತಿರುವಾಗಲೇ ಹಾಡಬೇಕಾಗಿತ್ತು. ಚೌಕಟ್ಟಿನ ಆಚೆ ವಾದ್ಯಗಾರರು ಅಡಗಿ ಕುಳಿತು ನುಡಿಸುತ್ತಿದ್ದರು. ಹಾಡಿನ ನಡುವೆ ಚಿತ್ರವನ್ನು ಕತ್ತರಿಸಿ ಕತ್ತರಿಸಿ ಜೋಡಿಸುವಂತಿಲ್ಲ. ಆದುದರಿಂದ ನಟಿಯು ತಲೆಯನ್ನು ಎತ್ತಿದಾಗಲೂ ತಗ್ಗಿಸಿದಾಗಲೂ ಪಕ್ಕಕ್ಕೆ ತಿರುಗಿದಾಗಲೂ ಕೆಡದಿರುವ ಬೆಳಕನ್ನು ಮೊದಲೇ ಕಲ್ಪಿಸಿ ಹೊಂದಿಸಿಡಬೇಕು. ಚಲನೆಯನ್ನು ಕಳೆದುಕೊಂಡ ಕ್ಯಾಮೆರಾಕ್ಕೆ ಬದಲಾಗಿ ಬೆಳಕೇ ಚಲಿಸಿದಂತೆ ತೋರಿಸುವ ಕೌಶಲ ವಿರ್ಶಿಂಗರಿಗೆ ಕೈಗೂಡಿದುದು ಈ ನಿರ್ಬಂಧದಿಂದಲೇ.

೧೯೩೬ರ ‘ಅಛೂತ್ ಕನ್ಯಾ’ವನ್ನು ತೆಗೆದುಕೊಳ್ಳೋಣ. ರೈಲ್ವೆ ಗೇಟಿನ ಕಾವಲುಗಾರನಾದ ದುಖಿಯಾ ಎಂಬ ಹರಿಜನನ ಮಗಳು ಕಸ್ತೂರಿ; ಆ ಪಾತ್ರ ದೇವಿಕಾ ರಾಣಿಯವರದು. ಬ್ರಾಹ್ಮಣ ಅಂಗಡಿಕಾರನ ಮಗ ಪ್ರತಾಪ. ಜಾತಿಯ ಗೋಡೆಯನ್ನು ದಾಟಲಾರದ ಅವರ ಸ್ನೇಹ, ಕಡೆಗೆ ಅದೇ ರೈಲ್ವೆ ಗೇಟಿನಲ್ಲಿ, ಓಡಿ ಬರುವ ರೈಲನ್ನು ತಡೆಯಹೋದ ಕಸ್ತೂರಿಯ ಸಾವಿನಿಂದ ಮುಗಿಯುತ್ತದೆ. ಕಥೆ ತೆರೆಯುವುದು ರಾತ್ರಿಯಲ್ಲಿ, ಆ ಗೇಟಿನ ಬಳಿ ಬಂದು ನಿಂತ ಒಂದು ಮೋಟಾರು ಕಾರಿನಿಂದ. ಅಲ್ಲಿಂದ ಕಥೆಯು ಹಿಂದಕ್ಕೆ ಸರಿದು ಹಳ್ಳಿಯ ಹಗಲನ್ನು ಹೊಕ್ಕಾಗ, ಮರದ ಕೊಂಬೆಯ ಮೇಲೆ ಕುಳಿತು ಹಾಡುವ ಕಸ್ತೂರಿಯ ಮೇಲೆ ಬೀಳುವ ಬೆಳಕು ಎಂಥದು? ಹಿಂದಿನಿಂದ ಬಂದು ಕೂದಲಿನ ಅಂಚನ್ನು ಬೆಳಗುವ ಬ್ಯಾಕ್‌ಲೈಟು ಅವಳನ್ನು ಎಲೆಗಳ ಹಿನ್ನೆಲೆಯಿಂದ ಬೇರೆಮಾಡಿ ಎತ್ತಿ ಹಿಡಿಯುತ್ತದೆ. ಮುಂದಿನಿಂದ ಬೀಳುವ ಮೃದುವಾದ ಬೆಳಕು ಮುಖದ ಮೇಲೆ ಗಡುಸಾದ ಗೆರೆಗಳನ್ನೆಲ್ಲ ಅಳಿಸುತ್ತದೆ. ಇದು ಅಂದಿನ ಐರೋಪ್ಯ ಸ್ಟುಡಿಯೋಗಳಲ್ಲಿ ರಾಣಿಯರ ಪಾತ್ರಗಳಿಗೂ ಶ್ರೀಮಂತ ನಾಯಿಕೆಯರಿಗೂ ಸಲ್ಲುತ್ತಿದ್ದ ದೀಪವಿನ್ಯಾಸ. ಅದನ್ನು ವಿರ್ಶಿಂಗರು, ಊರು ಮುಟ್ಟಲೊಲ್ಲದ ಹುಡುಗಿಗೆ ಅರ್ಪಿಸಿದರು.

ಒಪ್ಪದವರು ಇಲ್ಲಿ ಒಂದು ಆಕ್ಷೇಪವನ್ನು ಎತ್ತಬಹುದು, ಎತ್ತಿಯೂ ಇದ್ದಾರೆ. ಹುಬ್ಬು ತಿದ್ದಿದ, ನಯನಾಜೂಕಿನ ದೇವಿಕಾ ರಾಣಿಯವರ ಮುಖ ಯಾವ ಹಳ್ಳಿಯ ಬಡ ಹುಡುಗಿಯ ಮುಖವೂ ಅಲ್ಲ. ಅದರ ಮೇಲೆ ಇಷ್ಟು ಹೊಳಪನ್ನು ಸುರಿದುದರಿಂದ ದಾರಿದ್ರ್ಯದ ಸತ್ಯ ಮರೆಯಾಯಿತು ಎಂಬುದು ಆ ಆಕ್ಷೇಪ. ವಾಸ್ತವತೆಯೊಂದೇ ಅಳತೆಗೋಲಾದರೆ ಇದು ಸರಿಯೇ. ಆದರೆ ನನಗೆ ತೋರುವುದು ಹೀಗೆ: ಯಾರನ್ನು ಮುಟ್ಟಬಾರದೆಂದು ಸಮಾಜ ವಿಧಿಸಿದೆಯೋ ಅವರನ್ನು ಬೆಳಕು ಮುಟ್ಟುತ್ತದೆ, ಎಲ್ಲರಿಗಿಂತ ಹೆಚ್ಚು ಆದರದಿಂದ ಮುಟ್ಟುತ್ತದೆ ಎಂಬುದು ಆ ಚಿತ್ರದ ಯಾವ ಸಂಭಾಷಣೆಯಲ್ಲಿಯೂ ಬರದ ಮಾತು. ಕಥೆಯ ವಾಚ್ಯಾರ್ಥ ಕಸ್ತೂರಿಯ ತ್ಯಾಗ. ದೀಪದಿಂದ ಹೊಮ್ಮಿದ ಧ್ವನಿ ಅವಳ ಘನತೆ. ಅವಯವಗಳ ಅಂದಕ್ಕಿಂತ ಬೇರೆಯಾಗಿ, ಆದರೂ ಅವುಗಳನ್ನು ಬಿಟ್ಟಿರದೆ ಹೊಳೆಯುವ ಲಾವಣ್ಯದಂತೆ ಧ್ವನಿಯು ಕಾವ್ಯದಲ್ಲಿ ಇರುವುದೆಂದು ಆಲಂಕಾರಿಕರು ಹೇಳಿದ್ದನ್ನು ಓದಿದಾಗಲೆಲ್ಲ ನನಗೆ ಆ ಕೊಂಬೆಯ ಮೇಲಿನ ಮುಖ ನೆನಪಿಗೆ ಬರುತ್ತದೆ.

ಆ ದೇವಿಕಾ ರಾಣಿಯವರು ಮುಂದೆ ಕಲಾವಿದ ಸ್ವೆತೊಸ್ಲಾವ್ ರೋರಿಕ್ ಅವರನ್ನು ವರಿಸಿ, ಬೆಂಗಳೂರಿನ ಕನಕಪುರ ರಸ್ತೆಯ ತಾತಗುಣಿ ತೋಟದಲ್ಲಿ ನೆಲೆಸಿ, ೧೯೯೪ರಲ್ಲಿ ನಮ್ಮ ನಡುವೆಯೇ ತೀರಿಕೊಂಡುದನ್ನು ಇಲ್ಲಿ ಸ್ಮರಿಸುವುದು ಅಪ್ರಸ್ತುತವಾಗದು. ಕನ್ನಡನಾಡಿನ ಮಣ್ಣಿನಲ್ಲಿ ಕಡೆಯ ದಿನಗಳನ್ನು ಕಳೆದ ಆ ಮುಖವನ್ನು ದೇಶಕ್ಕೆ ಕಾಣಿಸಿಕೊಟ್ಟ ದೀಪ ವಿರ್ಶಿಂಗರದು.

೩

೧೯೩೯ರ ಸೆಪ್ಟೆಂಬರಿನಲ್ಲಿ ಯೂರೋಪಿನಲ್ಲಿ ಯುದ್ಧ ಹೊತ್ತಿಕೊಂಡಿತು. ಬ್ರಿಟಿಷರ ಆಳ್ವಿಕೆಯ ಭಾರತದಲ್ಲಿದ್ದ ಜರ್ಮನರು ಒಂದೇ ದಿನದಲ್ಲಿ ಶತ್ರುದೇಶದ ಪ್ರಜೆಗಳಾದರು. ‘ಕಂಗನ್’ ಚಿತ್ರದ ಕೆಲಸ ನಡೆಯುತ್ತಿರುವಾಗಲೇ ಓಸ್ಟೆನ್ನರೂ ವಿರ್ಶಿಂಗರೂ ಬಂಧನಕ್ಕೆ ಒಳಗಾದರು. ಅರವತ್ತು ದಾಟಿದ್ದ ಓಸ್ಟೆನ್ನರನ್ನು ಕೆಲವು ಕಾಲದ ಮೇಲೆ ಬಿಡುಗಡೆಮಾಡಿ ಜರ್ಮನಿಗೆ ಕಳುಹಿಸಲಾಯಿತು. ಅವರು ಮತ್ತೆ ಭಾರತಕ್ಕೆ ಬರಲಿಲ್ಲ. ವಿರ್ಶಿಂಗರಾದರೋ ಯುದ್ಧ ಮುಗಿಯುವವರೆಗೆ ಸೆರೆಶಿಬಿರಗಳಲ್ಲಿಯೇ ಇರಬೇಕಾಯಿತು. ಮೂವತ್ತಾರರಿಂದ ನಲವತ್ತೆರಡರ ವರೆಗಿನ ವಯಸ್ಸು ಯಾವ ಕಲಾವಿದನಿಗೂ ಕೈ ಪಳಗಿ ಕಣ್ಣು ಮಾಗುವ ಕಾಲ. ಆ ಆರು ವರ್ಷಗಳು ಅವರ ಚಿತ್ರಗಳ ಪಟ್ಟಿಯಲ್ಲಿ ಬರಿದಾಗಿವೆ.

ಆ ಬರಿದಿನ ನಡುವೆ ಹೊರಗಿನ ಲೋಕದಲ್ಲಿ ಏನೇನೋ ನಡೆದುಹೋಯಿತು. ೧೯೪೦ರಲ್ಲಿ ಹಿಮಾಂಶು ರಾಯರು ಅಕಾಲದಲ್ಲಿ ತೀರಿಕೊಂಡರು. ಕೆಲವು ವರ್ಷ ಸಂಸ್ಥೆಯನ್ನು ನಡಸಿದ ದೇವಿಕಾ ರಾಣಿಯವರೂ ೧೯೪೫ರಲ್ಲಿ ಚಿತ್ರರಂಗವನ್ನು ಬಿಟ್ಟರು. ಆದರೂ ಮಲಾಡಿನ ದೀಪಗಳು ಆರಲಿಲ್ಲ. ವಿರ್ಶಿಂಗರ ಕೈಕೆಳಗೆ ಕೆಲಸ ಕಲಿತ ಆರ್. ಡಿ. ಪರೀಂಜಾ ಅವರು ಕ್ಯಾಮೆರಾದ ಹೊಣೆಯನ್ನು ಹೊತ್ತರು. ೧೯೪೩ರಲ್ಲಿ ದೇಶವನ್ನೆಲ್ಲ ಸೂರೆಗೊಂಡ ‘ಕಿಸ್ಮತ್’ ಚಿತ್ರದ ಛಾಯಾಗ್ರಾಹಕರು ಅವರೇ. ಗುರುವು ತಂತಿಬೇಲಿಯ ಒಳಗಿರುವಾಗ ಶಿಷ್ಯನು ಗುರುವಿನ ವಿದ್ಯೆಯಿಂದ ಗೆದ್ದನು. ವಿದ್ಯೆಯನ್ನು ಕೊಟ್ಟು ಉಳಿಸಿಕೊಳ್ಳಬೇಕೆಂಬ ನಮ್ಮ ಹಿರಿಯರ ಮಾತಿಗೆ ಇದಕ್ಕಿಂತ ಒಳ್ಳೆಯ ನಿದರ್ಶನ ಬೇಕೆ?

ಯುದ್ಧ ಮುಗಿಯಿತು, ಶಿಬಿರದ ಬಾಗಿಲು ತೆರೆಯಿತು. ಆರು ವರ್ಷ ತಮ್ಮನ್ನು ಕೂಡಿಹಾಕಿದ ನೆಲವನ್ನು ಬಿಟ್ಟು ಹೊರಡುವುದಕ್ಕೆ ವಿರ್ಶಿಂಗರಿಗೆ ಕಾರಣ ಬೇಕಾದಷ್ಟು ಇದ್ದಿತು, ಅವರು ಹೊರಡಲಿಲ್ಲ. ಮತ್ತೆ ಅದೇ ಬಾಂಬೆ ಟಾಕೀಸಿನ ಕ್ಯಾಮೆರಾದ ಹಿಂದೆ ಬಂದು ನಿಂತರು.

೪

ಹಾಗೆ ನಿಂತು ತೆಗೆದ ಚಿತ್ರಗಳಲ್ಲಿ ಶಿಖರಪ್ರಾಯವಾದುದು ೧೯೪೯ರ ‘ಮಹಲ್’. ಕಮಾಲ್ ಅಮ್ರೋಹಿಯವರು ನಿರ್ದೇಶಿಸಿದ ಮೊದಲ ಚಿತ್ರ ಅದು. ಸಂಕಲನ ಬಿಮಲ್ ರಾಯ್ ಅವರದು, ಸಂಗೀತ ಖೇಮ್‌ಚಂದ್ ಪ್ರಕಾಶರದು. ನದಿಯ ದಂಡೆಯ ಪಾಳುಬಿದ್ದ ಮಹಲಿಗೆ ಹೊಸ ಒಡೆಯನಾಗಿ ಬರುವ ಹರಿಶಂಕರನಿಗೆ ಗೋಡೆಯ ಮೇಲೆ ತನ್ನದೇ ಮುಖವುಳ್ಳ, ಎಂದೋ ಸತ್ತವನೊಬ್ಬನ ಭಾವಚಿತ್ರ ಕಾಣುತ್ತದೆ. ಅಪರಾತ್ರಿಯಲ್ಲಿ ಹೆಣ್ಣಿನ ಹಾಡು ಕೇಳುತ್ತದೆ. ಧ್ವನಿಯನ್ನು ಹಿಂಬಾಲಿಸಿ ಹೋದರೆ ಉಯ್ಯಾಲೆಯ ಮೇಲೆ ಒಂದು ರೂಪ ಕಾಣುತ್ತದೆ, ಹತ್ತಿರ ಸರಿದರೆ ಮಾಯವಾಗುತ್ತದೆ. ಅವಳು ಪ್ರೇತವಲ್ಲ, ತೋಟಗಾರನ ಮಗಳು ಎಂಬುದು ಕಡೆಯಲ್ಲಿ ತಿಳಿಯುವ ಗುಟ್ಟು. ಹರಿಶಂಕರನಾಗಿ ಅಶೋಕ್ ಕುಮಾರ್, ಆ ಹೆಣ್ಣಾಗಿ ಮಧುಬಾಲಾ.

ಈ ಕಥೆಯನ್ನು ಬರಿಯ ಕಾಗದದ ಮೇಲೆ ಓದಿದವನಿಗೆ ಒಂದು ತೊಡಕು ಎದ್ದು ಕಾಣುತ್ತದೆ. ಹೆಣ್ಣು ದೆವ್ವವೆಂದು ನಂಬಿಸಬೇಕು, ಆದರೆ ಅವಳು ದೆವ್ವವಲ್ಲವೆಂಬುದು ಕಡೆಗೆ ತಿಳಿದಾಗ ಪ್ರೇಕ್ಷಕನು ಮೋಸಹೋದೆನೆಂದು ಸಿಟ್ಟಾಗಬಾರದು. ಆದುದರಿಂದ ಅವಳನ್ನು ಪಾರದರ್ಶಕವಾಗಿ ತೋರಿಸುವಂತಿಲ್ಲ, ಗಾಳಿಯಲ್ಲಿ ಕರಗಿಸುವಂತಿಲ್ಲ, ತಂತ್ರದ ಚಮತ್ಕಾರ ಯಾವುದೂ ಸಲ್ಲದು. ಮಾಂಸರಕ್ತದ ಹೆಣ್ಣೊಬ್ಬಳನ್ನು ಮಾಂಸರಕ್ತವಾಗಿಯೇ ತೋರಿಸಿ, ಆದರೂ ನೋಡುವವನ ಮನಸ್ಸಿನಲ್ಲಿ ಸಂಶಯವನ್ನು ನೆಡಬೇಕು. ಇದನ್ನು ಸಾಧಿಸಿದುದು ವಿರ್ಶಿಂಗರ ಕತ್ತಲೆ. ತುಂಬುಬೆಳಕನ್ನು ಅವರು ತೆಗೆದುಹಾಕಿದರು. ಒಂದು ಕಡೆಯಿಂದ ಬೀಳುವ ದೀಪ ಅರ್ಧ ಮುಖವನ್ನು ಬೆಳಗಿ ಇನ್ನರ್ಧವನ್ನು ರಾತ್ರಿಗೆ ಒಪ್ಪಿಸಿತು. ಕಂಬಗಳ ನಡುವೆ, ಮೆಟ್ಟಿಲುಗಳ ತಿರುವಿನಲ್ಲಿ, ಕಿಟಕಿಯ ಸರಳುಗಳ ಹಿಂದೆ ಬೆಳಕು ತುಂಡುತುಂಡಾಗಿ ಬಿದ್ದಿತು. ತುಂಡುಗಳನ್ನು ಕೂಡಿಸಿ ರೂಪವನ್ನು ಕಟ್ಟಿಕೊಳ್ಳುವ ಕೆಲಸ ಪ್ರೇಕ್ಷಕನ ಪಾಲಿಗೆ ಉಳಿಯಿತು. ಹರಿಶಂಕರನು ಹೇಗೆ ತನ್ನ ಮನಸ್ಸಿನ ಹಂಬಲದಿಂದ ಆ ಹೆಣ್ಣನ್ನು ಪೂರ್ತಿಮಾಡಿಕೊಂಡು ಮರುಳಾದನೋ ಹಾಗೆಯೇ ನಾವೂ ಆಗುತ್ತೇವೆ. ಗುಟ್ಟು ಬಯಲಾದಾಗ ಕೋಪ ಬಾರದಿರುವುದಕ್ಕೆ ಕಾರಣ ಇದು: ಛಾಯಾಗ್ರಾಹಕರು ನಮಗೆ ಸುಳ್ಳನ್ನು ತೋರಿಸಲಿಲ್ಲ, ನಿಜದ ಒಂದು ಭಾಗವನ್ನು ಮಾತ್ರ ತೋರಿಸಿದರು.

ಹೇಳುವುದನ್ನೆಲ್ಲ ಹೇಳಿಬಿಟ್ಟರೆ ಕಾವ್ಯವಿಲ್ಲ ಎಂಬ ಆನಂದವರ್ಧನನ ಪರಂಪರೆಗೂ, ತೋರುವುದನ್ನೆಲ್ಲ ತೋರಿಬಿಟ್ಟರೆ ಚಿತ್ರವಿಲ್ಲ ಎಂಬ ಈ ಕಾಣ್ಕೆಗೂ ಇರುವ ಸಮೀಪತೆಯನ್ನು ನಾನು ಬಿಡಿಸಿ ಹೇಳಬೇಕಾಗಿಲ್ಲ. ಇನ್ನೊಂದು ವಿಶೇಷವೂ ಉಂಟು. ಆ ಅಪರಾತ್ರಿಯ ಹಾಡಿನಲ್ಲಿ ಕೇಳುವುದು ತರುಣಿ ಲತಾ ಮಂಗೇಶ್ಕರರ ಕಂಠ. ಆದರೆ ಆ ಹಾಡಿನ ಗ್ರಾಮಫೋನ್ ತಟ್ಟೆಯ ಮೇಲೆ ಮೊದಲು ಅಚ್ಚಾದುದು ಕಾಮಿನಿ ಎಂಬ ಪಾತ್ರದ ಹೆಸರು. ಮುಖ ಅರ್ಧ ಮರೆಯಲ್ಲಿ, ಕಂಠಕ್ಕೆ ಹೆಸರಿಲ್ಲ. ಈ ಎರಡು ಮರೆಗಳು ಕೂಡಿದಲ್ಲಿ ಭಾರತೀಯ ಚಿತ್ರಗಳ ರಾತ್ರಿಯೆಂಬುದು ಹೊಸದಾಗಿ ಹುಟ್ಟಿತು. ಪುನರ್ಜನ್ಮವನ್ನೂ ಪಾಳುಮನೆಯನ್ನೂ ಕುರಿತು ಆಮೇಲೆ ನಮ್ಮಲ್ಲಿ ಬಂದ ಎಷ್ಟೋ ಚಿತ್ರಗಳು ಆ ರಾತ್ರಿಗೆ ಋಣಿಯಾಗಿವೆ.

ಈಗ ಮೊದಲು ಎತ್ತಿದ ಪ್ರಶ್ನೆಗೆ ಮರಳಬಹುದು. ‘ಮಹಲ್’ ಚಿತ್ರದ ನೆರಳು ಜರ್ಮನಿಯದೇ? ಬರ್ಲಿನ್ನಿನ ಆ ಹಳೆಯ ಚಿತ್ರಗಳಲ್ಲಿ ನೆರಳು ಭಯದ ರೂಪ. ಕೊಲೆಗಾರನು ಬರುವ ಮುನ್ನ ಅವನ ನೆರಳು ಬರುತ್ತದೆ. ‘ಮಹಲ್’ನಲ್ಲಿ ಅದು ವಿರಹದ ರೂಪ, ಬರಬೇಕಾದವನು ಬರುವವರೆಗೆ ಕಾದಿರುವವಳ ಮನೆ ಅದು. ಭಯವನ್ನು ವಿರಹವಾಗಿ ಪರಿವರ್ತಿಸಿದ ಈ ಕೈ, ಜಯಪುರದ ಬಿಸಿಲಿನಲ್ಲಿ ಕಾಯುವುದನ್ನು ಕಲಿತ ಕೈ. ಮಲಾಡಿನಲ್ಲಿ ಕಸ್ತೂರಿಯ ಮುಖಕ್ಕೆ ದೀಪ ಹಿಡಿದ ಕೈ. ವಿದ್ಯೆಯ ಬೀಜ ಮ್ಯೂನಿಕ್ಕಿನದು ನಿಜ. ಅದನ್ನು ಫಲಕ್ಕೆ ತಂದ ಹವೆ ಇಲ್ಲಿಯದು.

೫

ಮುಂದಿನ ಎರಡು ಚಿತ್ರಗಳನ್ನು ಕುರಿತು ಸಂಕ್ಷೇಪವಾಗಿ ಹೇಳುತ್ತೇನೆ. ೧೯೬೦ರಲ್ಲಿ ಕಿಶೋರ್ ಸಾಹು ಅವರು ನಿರ್ದೇಶಿಸಿದ, ಕಮಾಲ್ ಅಮ್ರೋಹಿಯವರು ನಿರ್ಮಿಸಿದ ‘ದಿಲ್ ಅಪನಾ ಔರ್ ಪ್ರೀತ್ ಪರಾಯೀ’ ಆಸ್ಪತ್ರೆಯೊಂದರ ಕಥೆ. ವೈದ್ಯನನ್ನು ಮೌನವಾಗಿ ಪ್ರೀತಿಸುವ ದಾದಿಯ ಪಾತ್ರ ಮೀನಾಕುಮಾರಿಯವರದು. ಕಪ್ಪಿನಲ್ಲಿ ಪಳಗಿದ ವಿರ್ಶಿಂಗರಿಗೆ ಇಲ್ಲಿ ಎದುರಾದುದು ಬಿಳುಪು: ಬಿಳಿಯ ಗೋಡೆ, ಬಿಳಿಯ ಹಾಸಿಗೆ, ಬಿಳಿಯ ಉಡುಪು. ಬಿಳುಪಿನ ಮೇಲೆ ಬಿಳುಪನ್ನು ಬೇರೆಮಾಡಿ ತೋರಿಸುವುದು ಕತ್ತಲೆಯನ್ನು ಕಟ್ಟುವುದಕ್ಕಿಂತ ಕಷ್ಟ. ಎಕ್ಸ್‌ಪೋಷರ್ ಸ್ವಲ್ಪ ಹೆಚ್ಚಾದರೆ ಎಲ್ಲವೂ ಸುಣ್ಣದ ಗೋಡೆ, ಸ್ವಲ್ಪ ಕಡಿಮೆಯಾದರೆ ಎಲ್ಲವೂ ಬೂದಿ. ಆ ಬಿಳುಪಿನ ಹಲವು ಮೆಟ್ಟಿಲುಗಳನ್ನು ಉಳಿಸಿಕೊಂಡು, ಅದರ ನಡುವೆ ಮೀನಾಕುಮಾರಿಯವರ ಎರಡು ಕಣ್ಣುಗಳನ್ನು ಮಾತ್ರ ಗಾಢವಾಗಿ ನಿಲ್ಲಿಸಿದ ಅವರ ಸಂಯಮವನ್ನು, ‘ಮಹಲ್’ನ ಖ್ಯಾತಿಯ ಮುಂದೆ ನಾವು ಮರೆಯಬಾರದು.

ಕಡೆಯದು ‘ಪಾಕೀಜಾ’. ೧೯೫೦ರ ದಶಕದಲ್ಲಿ ಕಪ್ಪುಬಿಳುಪಿನಲ್ಲಿ ಆರಂಭವಾಗಿ, ಆಮೇಲೆ ವರ್ಣಕ್ಕೆ ತಿರುಗಿ, ಮತ್ತೆ ಸಿನೆಮಾಸ್ಕೋಪಿನ ವಿಶಾಲವಾದ ಚೌಕಟ್ಟಿಗೆ ಬದಲಾಗಿ, ಹಲವು ವರ್ಷ ನಿಂತು ಮತ್ತೆ ನಡೆದು, ೧೯೭೨ರ ಫೆಬ್ರವರಿಯಲ್ಲಿ ಬಿಡುಗಡೆಯಾದ ಈ ಚಿತ್ರ ಮೀನಾಕುಮಾರಿ ಮತ್ತು ಕಮಾಲ್ ಅಮ್ರೋಹಿಯವರ ಜೀವನದ ಮಹಾಕೃತಿ. ಬದಲಾದ ತಂತ್ರಗಳಿಗೆಲ್ಲ ವಯಸ್ಸಾದ ವಿರ್ಶಿಂಗರು ತಮ್ಮ ಕಣ್ಣನ್ನು ಹೊಸದಾಗಿ ಪಳಗಿಸಿಕೊಳ್ಳಬೇಕಾಯಿತು. ಅಗಲವಾದ ಚೌಕಟ್ಟು ಸಿಕ್ಕಿದವರು ಅದನ್ನು ವಸ್ತುಗಳಿಂದ ತುಂಬುವುದುಂಟು. ಇಲ್ಲಿ ಅದನ್ನು ಆಳದಿಂದ ತುಂಬಲಾಗಿದೆ. ನಾಯಿಕೆಯು ಮುಂದೆ ನರ್ತಿಸುತ್ತಿರುವಾಗ, ಅವಳ ಹಿಂದೆ ಬಜಾರಿನ ಉದ್ದಕ್ಕೂ ಉಪ್ಪರಿಗೆ ಉಪ್ಪರಿಗೆಯಲ್ಲಿಯೂ ಬೇರೆ ಬೇರೆ ನರ್ತಕಿಯರು ತಂತಮ್ಮ ದೀಪಗಳ ಕೆಳಗೆ ನರ್ತಿಸುತ್ತಿರುತ್ತಾರೆ. ಅವಳೊಬ್ಬಳ ಬಾಳಿನ ಕಥೆಯನ್ನು ನಾವು ಕೇಳುತ್ತಿದ್ದೇವೆ. ಆದರೆ ಹಾಗೆ ಕೇಳದೆ ಉಳಿದ ಬಾಳುಗಳು ಎಷ್ಟು ಎಂಬುದನ್ನು ಆ ದೂರದ ದೀಪಗಳು ಎಣಿಸಿ ಹೇಳುತ್ತವೆ. ಕಸ್ತೂರಿಯಿಂದ ಇಲ್ಲಿಯವರೆಗೆ, ಸಮಾಜ ದೂರವಿಟ್ಟ ಹೆಣ್ಣಿಗೆ ಬೆಳಕಿನ ಮರ್ಯಾದೆಯನ್ನು ಸಲ್ಲಿಸುವ ವ್ರತ ಮೂವತ್ತು ವರ್ಷ ಕಳೆದರೂ ಮುರಿದಿಲ್ಲ.

ಚಿತ್ರ ಪೂರ್ತಿಯಾಗುವುದನ್ನು ಅವರು ಕಾಣಲಿಲ್ಲ. ೧೯೬೭ರ ಜೂನ್ ತಿಂಗಳಿನಲ್ಲಿ ಅವರು ತೀರಿಕೊಂಡಾಗ ಕೆಲಸ ನಿಂತಿತ್ತು. ೧೯೬೯ರಲ್ಲಿ ಮತ್ತೆ ಆರಂಭವಾದಾಗ ಉಳಿದ ಭಾಗಗಳನ್ನು ಬೇರೆ ಛಾಯಾಗ್ರಾಹಕರು ತೆಗೆದು ಮುಗಿಸಿದರು. ಆದರೂ ತೆರೆಯ ಮೇಲೆ ಛಾಯಾಗ್ರಹಣದ ಹೆಸರು ವಿರ್ಶಿಂಗರದೇ. ನುರಿತ ಆ ಕಲಾವಿದರು ತಮ್ಮ ತಮ್ಮ ರೀತಿಯನ್ನು ಬದಿಗಿಟ್ಟು, ತೀರಿಹೋದವರು ಹಚ್ಚಿಟ್ಟ ದೀಪದ ಬಣ್ಣಕ್ಕೆ ತಮ್ಮ ದೀಪವನ್ನು ಹೊಂದಿಸಿದರು. ಒಬ್ಬ ಕುಶಲಕರ್ಮಿಗೆ ಅವನ ಸಮಾನರು ಸಲ್ಲಿಸಬಹುದಾದ ಶ್ರಾದ್ಧ ಇದಕ್ಕಿಂತ ದೊಡ್ಡದು ಯಾವುದಿದೆ?

೬

ನಮ್ಮ ದೇಶದಲ್ಲಿ ಚಲಚ್ಚಿತ್ರಕ್ಕೆ ಸಲ್ಲುವ ಅತ್ಯುನ್ನತ ಗೌರವವಾದ ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿಯನ್ನು ಮೊದಲನೆಯದಾಗಿ, ೧೯೬೯ರ ಸಾಲಿಗೆ, ಪಡೆದವರು ದೇವಿಕಾ ರಾಣಿಯವರು. ಅದೇ ಪ್ರಶಸ್ತಿ ಒಬ್ಬ ಛಾಯಾಗ್ರಾಹಕರಿಗೆ ಮೊದಲನೆಯ ಸಲ ಸಂದುದು ೨೦೦೮ರ ಸಾಲಿಗೆ. ಪಡೆದವರು ಮೈಸೂರಿನಲ್ಲಿ ಹುಟ್ಟಿ, ಬೆಂಗಳೂರಿನ ಶ್ರೀ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್ಕಿನಲ್ಲಿ ಕಲಿತು, ‘ಕಾಗಜ್ ಕೇ ಫೂಲ್’ ಚಿತ್ರದ ಬೆಳಕಿನ ಕಂಬದಿಂದ ಅಮರರಾದ ನಮ್ಮ ವಿ. ಕೆ. ಮೂರ್ತಿಯವರು. ಬೆಳಗಿದ ಮುಖವನ್ನು ಗೌರವಿಸಿದ ದೇಶ ಬೆಳಗುವ ಕೈಯನ್ನು ಗೌರವಿಸುವುದಕ್ಕೆ ಮೂವತ್ತೊಂಬತ್ತು ವರ್ಷ ತೆಗೆದುಕೊಂಡಿತು. ಇದನ್ನು ನಾನು ದೂರೆಂದು ಹೇಳುತ್ತಿಲ್ಲ. ದೀಪದ ಸ್ವಭಾವವೇ ಅಂಥದು. ತನ್ನ ಮೇಲೆ ಕಣ್ಣು ನೆಡುವಂತೆ ಮಾಡುವ ದೀಪ ಕಣ್ಣನ್ನು ಕುಕ್ಕುತ್ತದೆಯೇ ಹೊರತು ವಸ್ತುವನ್ನು ತೋರಿಸುವುದಿಲ್ಲ.

ವಿರ್ಶಿಂಗರು ತಮ್ಮ ಬಿಡುವಿನಲ್ಲಿ ತೆಗೆದ ಸಾವಿರಾರು ಸ್ಥಿರಚಿತ್ರಗಳನ್ನು ಅವರ ವಂಶಜರು ಗೋವೆಯಲ್ಲಿ ಜೋಪಾನವಾಗಿ ಉಳಿಸಿಕೊಂಡು ಬಂದರು. ೨೦೧೭ರಲ್ಲಿ ಅವುಗಳ ಪ್ರದರ್ಶನವೊಂದು ಅಲ್ಲಿ ನಡೆದ ಬಳಿಕ ಅವರ ಹೆಸರು ವಿದ್ವಾಂಸರ ಬಾಯಲ್ಲಿ ಮತ್ತೆ ಕೇಳಿಬರುತ್ತಿದೆ. ಮಲಾಡಿನ ಆ ಸ್ಟುಡಿಯೋ, ಅಲ್ಲಿ ದುಡಿದ ಜನ, ಎರಡು ದೃಶ್ಯಗಳ ನಡುವಣ ವಿರಾಮದಲ್ಲಿ ಕುಳಿತ ನಟರು, ಇವರೆಲ್ಲ ಆ ಚಿತ್ರಗಳಲ್ಲಿ ಉಳಿದಿದ್ದಾರೆ. ಬಾಂಬೆ ಟಾಕೀಸಿನ ಚರಿತ್ರೆಯನ್ನು ಬರೆಯುವವರಿಗೆ ಇಂದು ಅವು ಬಹುಮುಖ್ಯವಾದ ಆಧಾರ. ಹೀಗೆ ತಮ್ಮನ್ನು ಸೆರೆಯಲ್ಲಿಟ್ಟ ನಾಡಿನ ನೆನಪನ್ನು ಆ ನಾಡಿಗಾಗಿಯೇ ಕಾದಿಟ್ಟವರು ಈ ಪರದೇಶಿ.

ಸಹೃದಯರೆ, ದೀಪವನ್ನು ನೋಡುವುದಕ್ಕೆಂದು ಯಾರೂ ದೀಪವನ್ನು ಹಚ್ಚುವುದಿಲ್ಲ. ನಾಳೆ ನೀವು ‘ಮಹಲ್’ ಚಿತ್ರವನ್ನೋ ‘ಅಛೂತ್ ಕನ್ಯಾ’ವನ್ನೋ ನೋಡುವಾಗ ಮಧುಬಾಲಾ ಅವರನ್ನೇ ನೋಡಿ, ಕಸ್ತೂರಿಯನ್ನೇ ನೋಡಿ, ವಿರ್ಶಿಂಗರು ಬಯಸಿದುದೂ ಅದನ್ನೇ. ಆದರೆ ಆ ಮುಖವು ಕತ್ತಲೆಯಿಂದ ಹೊರಗೆ ತಿರುಗಿ ನಿಮ್ಮ ಎದೆ ಒಂದು ಕ್ಷಣ ನಿಂತಂತಾದಾಗ, ಈ ಬೆಳಕು ಎತ್ತಣಿಂದ ಬಂದಿತು ಎಂದು ಒಂದು ಸಲ ಮನಸ್ಸಿನಲ್ಲಿಯೇ ಕೇಳಿಕೊಳ್ಳಿ. ಚೌಕಟ್ಟಿನ ಆಚೆ, ನಮಗೆ ಕಾಣದ ಕಡೆಯಲ್ಲಿ, ಮ್ಯೂನಿಕ್ಕಿನಿಂದ ಬಂದ ಒಬ್ಬರು ದೀಪದ ಎತ್ತರವನ್ನು ಸರಿಪಡಿಸುತ್ತ ನಿಂತಿದ್ದರು. ಆ ನಿಲುವಿಗೆ ಈ ದಿನದ ನನ್ನ ಮಾತುಗಳನ್ನು ನಮಸ್ಕಾರಪೂರ್ವಕವಾಗಿ ಅರ್ಪಿಸುತ್ತೇನೆ.